ಹ್ರುಶೀನ್‌ಸ್ಕಿ ಕಟ್ಟು: 14 ಹಳೆ ಡಿವಿಡಿ, 210 ಕೊರುನಾ, ನನ್ನ ಕಡೆಯಿಂದ 4 ಸ್ಟಾರ್

ಪ್ರಾಗ್‌ನಲ್ಲಿ ಸೆಕೆಂಡ್ ಹ್ಯಾಂಡ್ ಪುಸ್ತಕದಂಗಡಿಗೆ ಆಂಟಿಕ್ವಾರಿಯಾತ್ ಅಂತಾರೆ. ನಮ್ಮ ಟ್ರಾಮ್ ಸ್ಟಾಪ್ ಹತ್ರ ಒಂದಿದೆ, ಹೆಸರು ಹಾಕಲ್ಲ, ಯಾಕಂದ್ರೆ ಕೆಳಗೆ ಒಂದೆರಡು ದೂರು ಹೇಳೋದಿದೆ, ಪಾಪ ವಯಸ್ಸಾದ ಒಬ್ರೇ ನಡೆಸೋ ಅಂಗಡಿ. ಬಾಗಿಲ ಹೊರಗೆ ಬಾಳೆಹಣ್ಣಿನ ರಟ್ಟಿನ ಡಬ್ಬಗಳನ್ನ ಸಾಲಾಗಿ ಇಟ್ಟಿರ್ತಾರೆ, ಸೂಪರ್‌ಮಾರ್ಕೆಟ್‌ಗೆ ಬಾಳೆಹಣ್ಣು ಬರುತ್ತಲ್ಲ ಅದೇ ಡಬ್ಬ, ಈ ಊರಲ್ಲಿ ಮನೆ ಶಿಫ್ಟ್ ಮಾಡೋಕೂ ಅದೇ, ಹಳೆ ಪುಸ್ತಕ ತುಂಬೋಕೂ ಅದೇ. ಅದ್ರಲ್ಲಿ ಒಂದು ಡಬ್ಬ ತುಂಬ ಡಿವಿಡಿ. ಪ್ಲಾಸ್ಟಿಕ್ ಕೇಸ್ ಇರೋವಲ್ಲ, ತೆಳ್ಳಗೆ ಕಾಗದದ ಕವರ್ ಇರೋವು, ಇಲ್ಲಿ ಪೊಶೆಟ್ಕಾ ಅಂತಾರೆ. ಹದಿನೈದಿಪ್ಪತ್ತು ವರ್ಷದ ಹಿಂದೆ ಪೇಪರ್ ಜೊತೆ, ಮ್ಯಾಗಜೀನ್ ಜೊತೆ ಹೀಗೇ ಸಿನಿಮಾ ಕೊಡ್ತಿದ್ರಂತೆ, ಸಿಗರೇಟು ಪೇಪರ್ ಮಾರೋ ತ್ರಾಫಿಕಾ ಗೂಡಂಗಡಿಗಳಲ್ಲಿ ರಾಶಿ ರಾಶಿ ಬಿದ್ದಿರ್ತಿತ್ತಂತೆ, ಈಗ ಯಾರ ಮನೇಲೂ ಪ್ಲೇಯರ್ ಇಲ್ಲ, ಅಜ್ಜ ಅಜ್ಜಿ ತೀರ್ಕೊಂಡ್ರೆ ಎಲ್ಲಾ ಸೀದಾ ಈ ಡಬ್ಬಕ್ಕೆ ಬಂದು ಬೀಳುತ್ತೆ.

ನಾನು ತಗೊಂಡಿದ್ದು ಒಂದು ರಬ್ಬರ್ ಬ್ಯಾಂಡ್ ಹಾಕಿದ ಕಟ್ಟು. ಮೇಲೆ ಪೆನ್ಸಿಲ್‌ನಲ್ಲಿ ಬರೆದ ಚೀಟಿ, "ಹ್ರುಶೀನ್‌ಸ್ಕಿ" ಅಂತ, ಅಷ್ಟೇ. ಯಾರೋ ಒಬ್ರು ಮನೇಲಿ ಕೂತು ಒಬ್ಬ ನಟನ ಸಿನಿಮಾ ಮಾತ್ರ ಆರಿಸಿ ಆರಿಸಿ ಕೂಡಿಟ್ಟಿದಾರೆ. ಒಂದಕ್ಕೆ 15 ಕೊರುನಾ, 14ಕ್ಕೆ 210, ಕೊರುನಾಗೆ ಹತ್ತಿರ ಹತ್ತಿರ ನಾಲ್ಕು ರೂಪಾಯಿ ಅಂತ ಇಟ್ಕೊಂಡ್ರೆ ನಮ್ಮ ಲೆಕ್ಕದಲ್ಲಿ ಎಂಟುನೂರು ಚಿಲ್ಲರೆ. ಇಲ್ಲಿ ಒಂದು ಸಿನಿಮಾ ಟಿಕೆಟ್ ರೇಟಿಗೆ ಇಡೀ ಕಟ್ಟು ಬಂತು ಅಂದ್ರೆ ಯೋಚನೆ ಮಾಡೋಕೇನಿದೆ, ತಗೊಂಡೆ.

ರುಡಾಲ್ಫ್ ಹ್ರುಶೀನ್‌ಸ್ಕಿ ಯಾರು ಅಂತ ಗೊತ್ತಿಲ್ದೋರಿಗೆ ಸ್ವಲ್ಪ ಹೇಳ್ತೀನಿ. 1920ರಲ್ಲಿ ಚೆಕ್ ನಾಡಿನ ದಕ್ಷಿಣ ಬೊಹೀಮಿಯಾ ಸೀಮೆಯಲ್ಲಿ ಹುಟ್ಟಿ 1994ರಲ್ಲಿ ಪ್ರಾಗ್‌ನಲ್ಲಿ ಸತ್ತ ನಟ. ಅಪ್ಪ ಅಮ್ಮ ಇಬ್ರೂ ಊರೂರು ತಿರುಗೋ ನಾಟಕದವರು, ನಮ್ಮಲ್ಲಿ ಕಂಪನಿ ನಾಟಕ ಅಂತೀವಲ್ಲ ಹಾಗೆ, ನಾಟಕ ನಡೀತಿರೋವಾಗ್ಲೇ ಪರದೆ ಹಿಂದೆ ಈ ಮಗು ಹುಟ್ತು ಅಂತ ಹೇಳ್ತಾರೆ. ಕಂಪನಿ ಮನೆತನದ ಮಕ್ಕಳ ಬಗ್ಗೆ ಈ ಥರ ಕಥೆ ಎಲ್ಲಾ ಊರಲ್ಲೂ ಇರುತ್ತೆ, ಆದ್ರೆ ಈ ಮನುಷ್ಯನ್ನ ನೋಡಿದ್ರೆ ನಂಬ್ಬಿಡೋಣ ಅನ್ಸುತ್ತೆ. ಹೀರೋ ಮುಖ ಅಲ್ಲ. ದುಂಡು ಮುಖ, ಕಣ್ಣಿನ ಕೆಳಗೆ ಚೀಲ, ದಪ್ಪ ಮೈ, ನಡಿಗೆ ನಿಧಾನ. ದನಿ ಮಾತ್ರ ಬೆಣ್ಣೆ. ಆ ದನಿ ಒಂದನ್ನೇ ಇಟ್ಕೊಂಡು ಐವತ್ತು ವರ್ಷಕ್ಕೂ ಜಾಸ್ತಿ ಬಾಳಿಸಿದಾನೆ.

ಕಟ್ಟಿನ ಕಂಡೀಷನ್ ಬಗ್ಗೆ ಮೊದ್ಲು ಹೇಳಿ ಮುಗಿಸ್ತೀನಿ, ರಿವ್ಯೂ ಓದೋರಿಗೆ ಅದೇ ತಾನೆ ಬೇಕಾಗಿರೋದು. 14ರಲ್ಲಿ 11 ಚೆನ್ನಾಗಿ ಓಡ್ತವೆ. ಒಂದು ಡೂಪ್ಲಿಕೇಟು, "ಪೊಸ್ತ್ರ್ಶಿಝಿನಿ" ಎರಡು ಸಲ ಇದೆ. ಒಂದಕ್ಕೆ ಸ್ಕ್ರ್ಯಾಚ್, ಅದರ ಕಥೆ ಆಮೇಲೆ. ಇನ್ನೊಂದು ಈ ನಟನದ್ದೇ ಅಲ್ಲ! ಕವರ್ ಮೇಲೆ ರುಡಾಲ್ಫ್ ಹ್ರುಶೀನ್‌ಸ್ಕಿ ಅಂತಾನೇ ಇದೆ, ಹಾಕಿ ನೋಡಿದ್ರೆ ಯಾರೋ ಬೇರೆಯವನು, ಅರ್ಧ ಗಂಟೆ ಕಾದೆ, ಬರ್ತಾನೆ ಈಗ ಬರ್ತಾನೆ ಅಂತ. ಆಮೇಲೆ ಕವರ್ ಬೆಳಕಿಗೆ ಹಿಡಿದು ನೋಡಿದ್ರೆ ಹೆಸರಿನ ಮುಂದೆ ಸೊಳ್ಳೆ ಗಾತ್ರದ "ಎಂ.ಎಲ್." ಅಂತ ಎರಡಕ್ಷರ. ಮ್ಲಾದ್ಶಿ, ಅಂದ್ರೆ ಕಿರಿಯ. ಮಗನ ಹೆಸರೂ ರುಡಾಲ್ಫೇ, ಅವನೂ ನಟನೇ. ಮೊಮ್ಮಗನೂ ರುಡಾಲ್ಫ್, ಅವನೂ ನಟ, ಅವನಿಗೆ "ಅತಿ ಕಿರಿಯ" ಅಂತ ಬೇರೆ ಹಾಲ್‌ಮಾರ್ಕು. ಇನ್ನೊಬ್ಬ ಮಗ ಯಾನ್, ಅವನೂ ನಟನೇ, ಪ್ರಾಗ್‌ನಲ್ಲಿ ಅವನದೇ ಥಿಯೇಟರ್ ಇದೆ. ತಾತನ ಹೆಸರನ್ನ ಮೊಮ್ಮಗನಿಗೆ ಇಡೋದು ನಮ್ಮಲ್ಲೂ ಇದೆ, ಮೂರು ತಲೆಮಾರಿಗೂ ಅದೇ ಹೆಸರಿಟ್ಟು ಮೂರೂ ಜನಾನ ಪೋಸ್ಟರ್ ಮೇಲೆ ಹಾಕಿದ್ರೆ ಸೆಕೆಂಡ್ ಹ್ಯಾಂಡ್ ಡಿವಿಡಿ ತಗೊಳೋನ ಗತಿ ಏನ್ರಪ್ಪ. ತಗೊಳೋರು ಹುಷಾರು, ಆ ಎರಡಕ್ಷರ ನೋಡಿ ತಗೊಳಿ.

ಸಬ್‌ಟೈಟಲ್ ವಿಷ್ಯ. ಇಂಗ್ಲಿಷ್ ಸಬ್‌ಟೈಟಲ್ ಒಂದ್ರಲ್ಲೂ ಇಲ್ಲ. ಕೆಲವದ್ರಲ್ಲಿ ಕಿವಿ ಕೇಳ್ಸದೇ ಇರೋರಿಗೆ ಅಂತ ಚೆಕ್ ಭಾಷೆಲೇ ಸಬ್‌ಟೈಟಲ್ ಇದೆ, ನನಗೆ ಅದು ದೇವರು ಕೊಟ್ಟ ವರ. ಏಳು ವರ್ಷದಿಂದ ಇಲ್ಲಿದೀನಿ, ಚೆಕ್ ಅಂಗಡಿ ಬ್ಯಾಂಕು ಮಟ್ಟಕ್ಕೆ ಬರುತ್ತೆ, ಓದೋಕೆ ಪರವಾಗಿಲ್ಲ, ಕೇಳೋಕೆ ಹೋದ್ರೆ ಮೂರನೇ ವಾಕ್ಯಕ್ಕೆ ಬಸ್ ತಪ್ಪುತ್ತೆ. ಸಬ್‌ಟೈಟಲ್ ಇಲ್ಲದವನ್ನ ಪಕ್ಕದ ಮನೆ ಅಜ್ಜಿ ಜೊತೆ ಕೂತು ನೋಡಿದೆ. ಅವರಿಗೆ ಎಂಬತ್ತು ದಾಟಿದೆ, ಅವರ ಹತ್ರ ಪ್ಲೇಯರ್ ಇದೆ, ನನ್ನ ಹತ್ರ ಡಿಸ್ಕ್ ಇದೆ, ಹಾಗಾಗಿ ಮೂರು ವಾರ ಪ್ರತಿ ಸಂಜೆ ಅವರ ಮನೇಲೇ. ಇನ್ನೊಂದು ವಿಷ್ಯ, ಊರಿಗೆ ತಗೊಂಡು ಹೋಗೋ ಪ್ಲಾನ್ ಇರೋರಿಗೆ: ಡಿವಿಡಿಗೆ ಜಗತ್ತಿನ ಭಾಗದ ಪ್ರಕಾರ ರೀಜನ್ ಲಾಕ್ ಇರುತ್ತೆ, ಇವು ರೀಜನ್ 2 ಡಿಸ್ಕು, ಇಂಡಿಯಾದ್ದು ರೀಜನ್ 5, ಮನೇಲಿರೋ ಹಳೆ ಪ್ಲೇಯರ್ ಎಲ್ಲಾ ರೀಜನ್ ಓಡಿಸೋದು ಆಗಿದ್ರೆ ಸರಿ, ಇಲ್ಲಾಂದ್ರೆ ಬರೀ ಕಪ್ಪು ಸ್ಕ್ರೀನ್ ನೋಡ್ಕೊಂಡು ಕೂತ್ಕೋಬೇಕು.

ನಾನು ಮಾಡಿದ ಮೊದಲ ಕೆಲಸ, ಅಜ್ಜಿ ಊಟದ ಟೇಬಲ್ ಮೇಲೆ ಎಲ್ಲಾ ಕವರನ್ನ ವರ್ಷದ ಪ್ರಕಾರ ಜೋಡಿಸಿದ್ದು. ಹೀಗೆ ಮಾಡಿ ನೋಡಿ, ಮಜಾ ಇರುತ್ತೆ. ಎಡಗಡೆ ತುದೀಲಿ 1939ರದ್ದು, ಮಾರ್ಟಿನ್ ಫ್ರಿಚ್ ಮಾಡಿದ ಸ್ಕೂಲ್ ಕಾಮಿಡಿ, "ತ್ಸೆಸ್ತಾ ದೊ ಹ್ಲುಬಿನ್ ಶ್ತುದಾಕೊವಿ ದುಶೆ". ಅದ್ರಲ್ಲಿ ಇವನು ಕ್ಲಾಸಿನ ಹುಡುಗರಲ್ಲಿ ಒಬ್ಬ, ತೆಳ್ಳಗೆ, ಕೂದಲು ಬಾಚಿಕೊಂಡಿರೋ ಹುಡುಗ, ಅಜ್ಜಿ ಬೆರಳಿಟ್ಟು ತೋರಿಸದೇ ಇದ್ದಿದ್ರೆ ನಾನು ಗುರುತೇ ಹಿಡೀತಿರ್ಲಿಲ್ಲ. ಬಲಗಡೆ ತುದೀಲಿ 1991ರ "ಒಬೆಟ್ಸ್ನಾ ಶ್ಕೊಲಾ", ಅದೂ ಸ್ಕೂಲ್ ಸಿನಿಮಾನೇ, ಅದ್ರಲ್ಲಿ ಇವನು ಹೆಡ್‌ಮಾಸ್ಟರು. ಹಿಂದಿನ ಬೆಂಚಿಂದ ಎದ್ದು ಹೆಡ್‌ಮಾಸ್ಟರ್ ರೂಮಿಗೆ ಹೋಗೋಕೆ ಐವತ್ತೆರಡು ವರ್ಷ ತಗೊಂಡಿದಾನೆ. ನಡುವೆ ಒಂದ್ಕಡೆ ಟೇಬಲ್ ಖಾಲಿ. 1969ಕ್ಕೆ ಎರಡು ಕವರು, ಆಮೇಲೆ ಒಂದೇ ಸಲ 1977. ಎಂಟು ವರ್ಷ ಏನೂ ಇಲ್ಲ. ನಾನು ಕಟ್ಟು ಮಾಡಿದೋರು ಮರೆತಿರ್ಬೇಕು ಅಂದ್ಕೊಂಡೆ. ಅಜ್ಜಿ ಆ ಖಾಲಿ ಜಾಗದ ಮೇಲೆ ಕೈ ಇಟ್ಟು ಸುಮ್ನೆ ತಲೆ ಆಡಿಸಿದ್ರು. ಅದಕ್ಕೆ ಆಮೇಲೆ ಬರ್ತೀನಿ.

ಮೊದ್ಲು ಹಾಕಿದ್ದು ಶ್ವೇಕ್. 1956, ಕಲರ್, ಕಾರೆಲ್ ಸ್ಟೆಕ್ಲಿ ಡೈರೆಕ್ಷನ್. ಯಾರೊಸ್ಲಾವ್ ಹಾಶೆಕ್ ಕಾದಂಬರಿಯ ಆ ಪೆದ್ದು ಸಿಪಾಯಿ, ಪೆದ್ದನೋ ಪೆದ್ದನ ವೇಷದ ಕಿಲಾಡಿನೋ ಅಂತ ನೂರು ವರ್ಷದಿಂದ ಚೆಕ್ ಜನ ಬಿಯರ್ ಕುಡೀತಾ ಜಗಳಾಡ್ತಾನೇ ಇದಾರೆ. ಇಲ್ಲಿ ಯಾವ ಟೂರಿಸ್ಟ್ ಅಂಗಡಿಗೆ ಹೋದ್ರೂ ಯೋಸೆಫ್ ಲಾದಾ ಬರೆದ ಆ ಗುಂಡು ಗುಂಡಾಗಿರೋ ಚಿತ್ರ ಇರುತ್ತೆ, ಮಗ್ಗು, ಟೀ ಶರ್ಟು, ಮ್ಯಾಗ್ನೆಟ್ಟು. ಅಷ್ಟು ಫೇಮಸ್ ಚಿತ್ರ ಇರೋವಾಗ ನಟ ಆ ಚಿತ್ರದ ಮಿಮಿಕ್ರಿ ಮಾಡಿ ಕೈ ತೊಳ್ಕೋಬಹುದಿತ್ತು. ಇವನು ಏನೂ ಮಾಡಲ್ಲ, ನಿಜವಾಗ್ಲೂ ಏನೂ ಮಾಡಲ್ಲ. ಆಫೀಸರ್ ಕಿರುಚ್ತಾನೆ, ಇವನು ತೊಟ್ಟಿಲಲ್ಲಿರೋ ಮಗು ಥರ ಕಣ್ಣು ಬಿಟ್ಕೊಂಡು ನೋಡ್ತಾನೆ, ಆಮೇಲೆ ಬಹಳ ಮರ್ಯಾದೆಯಿಂದ ಒಂದು ಉದ್ದ ಕಥೆ ಶುರು ಮಾಡ್ತಾನೆ, ನಮ್ಮೂರಲ್ಲಿ ಒಬ್ಬ ಇದ್ದ ಸ್ವಾಮಿ ಅಂತ. ಆಫೀಸರ್ ಸುಸ್ತಾಗೋ ತನಕ ಕಥೆ ನಿಲ್ಲಲ್ಲ. ಅವನಿಗೆ ಆಗ 36 ವಯಸ್ಸು. ನನ್ನ ಕಟ್ಟಲ್ಲಿ ಮೊದಲ ಭಾಗ ಮಾತ್ರ ಇದೆ, ಮುಂದಿನ ವರ್ಷದ್ದು ಎರಡನೇ ಭಾಗ "ಪೊಸ್ಲುಶ್ನೆ ಹ್ಲಾಸೀಮ್" ಇಲ್ಲ, ಕಥೆ ಯುದ್ಧಕ್ಕೆ ಹೊರಡೋ ಹೊತ್ತಿಗೆ ಡಿಸ್ಕ್ ಮುಗೀತು. ಇದು ನನ್ನ ಮೊದಲ ದೂರು. ಕಟ್ಟು ಕಟ್ಟೋರು ಜೋಡಿನ ಬೇರೆ ಮಾಡ್ಬಾರ್ದು ಮಾರಾಯ್ರೆ.

ಈಗ ಸ್ಕ್ರ್ಯಾಚ್ ಆದ ಡಿಸ್ಕ್‌ಗೆ ಬರೋಣ. "ಸ್ಪಲೋವಾಚ್ ಮ್ರ್ತ್ವೋಲ್", ಅಂದ್ರೆ ಹೆಣ ಸುಡೋನು. 1969, ಯುರಾಯ್ ಹೆರ್ತ್ಸ್ ಡೈರೆಕ್ಷನ್, ಲಾದಿಸ್ಲಾವ್ ಫುಕ್ಸ್ ಕಾದಂಬರಿ. ಇದನ್ನ ಅಜ್ಜಿ ನೋಡಲ್ಲ ಅಂದ್ಬಿಟ್ರು. "ಬಂದಾಗ್ಲೇ ಥಿಯೇಟರ್‌ನಲ್ಲಿ ನೋಡಿದೀನಿ, ಒಂದು ಜನ್ಮಕ್ಕೆ ಸಾಕು" ಅಂತ ಹೇಳಿ ಅಡುಗೆ ಮನೆಗೆ ಹೋಗಿ ಬಾಗಿಲು ಹಾಕ್ಕೊಂಡ್ರು. ನಾನೊಬ್ನೇ ಕೂತು ನೋಡಿದೆ, ರಾತ್ರಿ ಹತ್ತು ಗಂಟೆಗೆ, ಬುದ್ಧಿ ಇಲ್ದೆ.

ಕಥೆ ಇಷ್ಟೇ, ಮುಂದಿಂದು ಹೇಳಿ ಹಾಳ್ಮಾಡಲ್ಲ. 1930ರ ದಶಕದ ಕೊನೆ, ಪ್ರಾಗ್‌ನ ವಿದ್ಯುತ್ ಚಿತಾಗಾರ ಥರದ ಒಂದು ಕ್ರಿಮಟೋರಿಯಂನಲ್ಲಿ ಕೆಲ್ಸ ಮಾಡೋ ಕೊಪ್ಫ್ರ್‌ಕಿಂಗ್ಲ್ ಅನ್ನೋ ಮನುಷ್ಯ. ಕುಡಿಯಲ್ಲ, ಸೇದಲ್ಲ, ಸಂಗೀತ ಅಂದ್ರೆ ಪ್ರಾಣ, ಹೆಂಡ್ತಿ ಮಕ್ಕಳನ್ನ ಚಿನ್ನ ರನ್ನ ಅಂತಾನೇ ಕರೆಯೋದು, ಟಿಬೆಟ್ ಬಗ್ಗೆ ಒಂದು ಪುಸ್ತಕ ಓದಿ ಸುಡೋದು ಅಂದ್ರೆ ಆತ್ಮಕ್ಕೆ ಬಿಡುಗಡೆ ಅಂತ ತಲೇಲಿ ಹೊಕ್ಕಿಬಿಟ್ಟಿದೆ. ನಾಜಿಗಳು ಬಾಗಿಲಲ್ಲಿ ನಿಂತಿದಾರೆ. ಹಳೆ ಸ್ನೇಹಿತನೊಬ್ಬ ಬಂದು ನಿನ್ನ ಮೈಯಲ್ಲಿ ಜರ್ಮನ್ ರಕ್ತ ಒಂದು ಹನಿ ಇದೆ ಅಲ್ವಾ ಅಂತ ಕಿವೀಲಿ ಊದ್ತಾನೆ. ಇವನ ಹೆಂಡ್ತಿ ತಾಯಿ ಕಡೆಯಿಂದ ಯಹೂದಿ. ಅಲ್ಲಿಂದಾಚೆ ಏನಾಗುತ್ತೆ ಅಂತ ನೀವೇ ಊಹಿಸ್ಕೊಳಿ, ಊಹಿಸ್ಕೊಂಡಿದ್ದಕ್ಕಿಂತ ಕೆಟ್ಟದಾಗುತ್ತೆ.

ಇವನು ಇಡೀ ಸಿನಿಮಾ ಮಾತಾಡ್ತಾನೇ ಇರ್ತಾನೆ. ಒಂದೇ ಶ್ರುತಿ. ಜೋಗುಳ ಹಾಡೋ ಥರ. ಒಂದು ಸೀನ್‌ನಿಂದ ಇನ್ನೊಂದಕ್ಕೆ ಹೋದ್ರೂ ಮಾತು ತುಂಡಾಗಲ್ಲ, ಮುಖ ಹತ್ರದಲ್ಲೇ ಇರುತ್ತೆ, ಸ್ವಲ್ಪ ಹೊತ್ತಾದ್ಮೇಲೆ ಕ್ಯಾಮೆರಾ ಹಿಂದೆ ಸರಿದಾಗ ಅರೆ ಇದು ಬೇರೆ ಜಾಗ ಅಂತ ನಮಗೆ ಗೊತ್ತಾಗುತ್ತೆ. ಕ್ಯಾಮೆರಾ ಸ್ಟಾನಿಸ್ಲಾವ್ ಮಿಲೊಟಾ, ಆ ಅಗಲ ಲೆನ್ಸ್‌ನಲ್ಲಿ ಅವನ ದುಂಡು ಮುಖ ತಟ್ಟೆ ಥರ ಉಬ್ಬುತ್ತೆ, ಮ್ಯೂಸಿಕ್ ಝ್ಡೆನೆಕ್ ಲಿಶ್ಕಾ, ಅದೂ ಜೋಗುಳದ ಥರಾನೇ. ಇಷ್ಟೆಲ್ಲಾ ಇದ್ದೂ ನನಗೆ ಹೆದರಿಕೆ ಆಗಿದ್ದು ಒಂದು ಬಾಚಣಿಗೆಗೆ. ಜೇಬಲ್ಲಿರೋ ಸಾಮಾನ್ಯ ಬಾಚಣಿಗೆ. ಪೆಟ್ಟಿಗೇಲಿ ಮಲಗಿಸಿರೋ ಹೆಣದ ತಲೆಗೆ ಪ್ರೀತಿಯಿಂದ ಬಾಚ್ತಾನೆ, ಕೂದಲು ಸರಿ ಮಾಡ್ತಾನೆ, ಆಮೇಲೆ ಅದೇ ಬಾಚಣಿಗೆ ಎತ್ಕೊಂಡು ತನ್ನ ತಲೆಗೆ. ಎರಡು ಎಳೆ, ಅಷ್ಟೇ. ಮುಖದಲ್ಲಿ ಏನೂ ಇಲ್ಲ, ಆಫೀಸಿಗೆ ಹೊರಡೋ ಅಪ್ಪ ಕನ್ನಡಿ ಮುಂದೆ ನಿಂತಿರೋ ಹಾಗೆ.

ನನ್ನ ಡಿಸ್ಕ್ ಸರಿಯಾಗಿ ಅಲ್ಲೇ ನಿಂತೋಯ್ತು ಕಣ್ರೀ! ಬಾಚಣಿಗೆ ತಲೆ ಹತ್ರ ಬಂದಿದೆ, ಕೈ ಗಾಳೀಲಿ, ಚಿತ್ರ ಚೌಕ ಚೌಕವಾಗಿ ಒಡೆದು ಗರ್ ಅಂತ ಸದ್ದು. ಎದ್ದು ಆಫ್ ಮಾಡೋಕೂ ಧೈರ್ಯ ಬರ್ಲಿಲ್ಲ ಒಂದು ಕ್ಷಣ. ಅಡುಗೆ ಮನೆಯಿಂದ ಅಜ್ಜಿ "ಮುಗೀತಾ?" ಅಂತ ಕೂಗಿದ್ರು.

ಮಾರನೇ ದಿನ ಅಂಗಡಿಗೆ ತಗೊಂಡು ಹೋದೆ. ಅಂಗಡಿಯವರು ಡಿಸ್ಕನ್ನ ಕಿಟಕಿ ಕಡೆ ಎತ್ತಿ ನೋಡಿದ್ರು, ಸ್ವೆಟರ್ ತೋಳಿಗೆ ನಾಲ್ಕು ಸಲ ಉಜ್ಜಿದ್ರು, "ಈಗ ಹೋಗುತ್ತೆ" ಅಂದ್ರು. ಹೋಗ್ಲಿಲ್ಲ. ಎರಡನೇ ಸಲ ಹೋದಾಗ 15 ಕೊರುನಾ ವಾಪಸ್ ಕೊಡೋಕೆ ಬಂದ್ರು, ನಾನು ತಗೊಳ್ಲಿಲ್ಲ, ಬದಲಿಗೆ ಬೇರೆ ಕಾಪಿ ಇದೆಯಾ ಅಂತ ಕೇಳ್ದೆ, ಹುಡುಕಿ ಇಡ್ತೀನಿ ಅಂದ್ರು, ಇನ್ನೂ ಇಟ್ಟಿಲ್ಲ. ಹೀಗಾಗಿ ಅಂಗಡಿಗೆ ಅರ್ಧ ಸ್ಟಾರ್ ಕಟ್. ಸಿನಿಮಾ ಪೂರ್ತಿ ನೋಡಿದ್ದು ಆಮೇಲೆ, ಪ್ರಿಂಟ್ ರೀಸ್ಟೋರ್ ಮಾಡಿರೋ ಬ್ಲೂರೇನ ಆಫೀಸಿನವರ ಹತ್ರ ಇಸ್ಕೊಂಡು. ಅದನ್ನೇ ನೋಡಿ ಅಂತ ಹೇಳ್ತೀನಿ, ಪೊಶೆಟ್ಕಾ ಡಿಸ್ಕ್‌ನಲ್ಲಿ ಕಪ್ಪು ಬಿಳುಪು ಎಲ್ಲಾ ಬೂದಿ ಬೂದಿ, ಬ್ಲೂರೇನಲ್ಲಿ ಹೆಂಡ್ತಿ ಪಾತ್ರದ ವ್ಲಾಸ್ತಾ ಖ್ರಾಮೊಸ್ತೊವಾ ಕಣ್ಣಲ್ಲಿರೋ ಭಯ ಕೂಡ ಕಾಣ್ಸುತ್ತೆ. ಈ ಪಾತ್ರಕ್ಕೆ ಇವನಿಗೆ 1972ರಲ್ಲಿ ಸ್ಪೇನಿನ ಸಿಟ್ಜೆಸ್ ಫಿಲ್ಮ್ ಫೆಸ್ಟಿವಲ್‌ನಲ್ಲಿ ಬೆಸ್ಟ್ ಆಕ್ಟರ್ ಪ್ರಶಸ್ತಿ ಬಂತು. ಊರಲ್ಲಿ ಅಷ್ಟೊತ್ತಿಗೆ ಇವನಿಗೆ ಸಿನಿಮಾ ಕೊಡೋರೇ ಇರ್ಲಿಲ್ಲ.

ಟೇಬಲ್ ಮೇಲಿನ ಖಾಲಿ ಜಾಗದ ಕಥೆ ಇದೇ. 1968ರ ಜೂನ್‌ನಲ್ಲಿ ಲುದ್ವೀಕ್ ವಾಟ್ಸುಲೀಕ್ ಅನ್ನೋ ಲೇಖಕ "ಎರಡು ಸಾವಿರ ಪದಗಳು" ಅನ್ನೋ ಪ್ರಕಟಣೆ ಬರೆದ, ಆಳ್ತಿರೋ ಕಮ್ಯುನಿಸ್ಟ್ ಪಾರ್ಟಿ ಸುಧಾರಣೆ ಮಾಡ್ತೀನಿ ಅಂತ ಹೇಳಿದೆ, ನಾವು ಜನ ಬೆನ್ನು ಬಿಡದೇ ಮಾಡಿಸ್ಬೇಕು ಅನ್ನೋ ಅರ್ಥದ್ದು. ಬಹಳ ಜನ ಹೆಸರಾಂತರು ಸಹಿ ಹಾಕಿದ್ರು, ಇವನೂ ಹಾಕ್ದ. ಎರಡೇ ತಿಂಗಳಿಗೆ, ಆಗಸ್ಟ್ 21ಕ್ಕೆ, ಸೋವಿಯತ್ ಟ್ಯಾಂಕುಗಳು ಪ್ರಾಗ್‌ಗೆ ಬಂದ್ವು. ಆಮೇಲೆ ಸಹಿ ಹಾಕಿದೋರನ್ನೆಲ್ಲಾ ಕರೆಸಿ ವಾಪಸ್ ತಗೊಳಿ ಅಂತ ಕೇಳಿದ್ರು. ಕೆಲವರು ತಗೊಂಡ್ರು, ಅವರನ್ನ ಬೈಯೋಕೆ ನಾನ್ಯಾರು, ಮನೆ ಮಕ್ಕಳು ಇರ್ತಾರೆ. ಇವನು ತಗೊಳ್ಲಿಲ್ಲ. ಸಿನಿಮಾ ಟಿವಿ ಎರಡರ ಬಾಗಿಲೂ ವರ್ಷಗಟ್ಲೆ ಮುಚ್ಚಿಹೋಯ್ತು, ನ್ಯಾಷನಲ್ ಥಿಯೇಟರ್‌ನ ಸ್ಟೇಜ್ ಮಾತ್ರ ಉಳೀತು, 1960ರಿಂದ ಅಲ್ಲಿ ಇದ್ದ. ಅಜ್ಜಿ ಹೇಳಿದ್ದು, "ಟಿವೀಲಿ ಕಾಣ್ತಿರ್ಲಿಲ್ಲ, ನೋಡ್ಬೇಕು ಅನ್ಸಿದ್ರೆ ಟಿಕೆಟ್ ತಗೊಂಡು ಥಿಯೇಟರ್‌ಗೆ ಹೋಗ್ತಿದ್ವಿ, ಅವನು ಸ್ಟೇಜ್ ಮೇಲೆ ಬಂದ ತಕ್ಷಣ ಜನ ಸ್ವಲ್ಪ ಜಾಸ್ತಿ ಹೊತ್ತು ಚಪ್ಪಾಳೆ ತಟ್ತಿದ್ರು, ಅಷ್ಟೇ ನಮ್ಮ ಕೈಲಾಗ್ತಿದ್ದಿದ್ದು."

1969ರ ಇನ್ನೊಂದು ಕವರು ಯಿರ್ಶಿ ಮೆಂಝೆಲ್‌ದು, "ಸ್ಕ್ರ್ಶಿವಾಂಟ್ಸಿ ನ ನಿತಿ". ಗುಜರಿ ಕಬ್ಬಿಣದ ರಾಶಿ ಮಧ್ಯೆ ಪ್ರೊಫೆಸರ್ರು, ವಕೀಲ ಎಲ್ಲರನ್ನೂ "ಸರಿದಾರಿಗೆ ತರೋಕೆ" ಅಂತ ದುಡಿಸೋ ಕಥೆ, ಇವನು ಅಲ್ಲಿನ ಮೇಲ್ವಿಚಾರಕ, ಸರ್ಕಾರದ ಕಡೆಯವನು. ಮಾಡಿ ಮುಗಿಸಿದ ಸಿನಿಮಾನ ಬೀರುವಿಗೆ ಹಾಕಿ ಬೀಗ ಹಾಕಿದ್ರು, 1990ರಲ್ಲಿ ಹೊರಗೆ ಬಂದು ಅದೇ ವರ್ಷ ಬರ್ಲಿನ್‌ನಲ್ಲಿ ಗೋಲ್ಡನ್ ಬೇರ್ ಹಂಚ್ಕೊಂಡ್ತು. ಇಪ್ಪತ್ತೊಂದು ವರ್ಷ ಲೇಟಾಗಿ ಬಂದ ಸಿನಿಮಾ ಈಗ ನನಗೆ 15 ಕೊರುನಾಗೆ ಸಿಕ್ಕಿದೆ, ಏನು ಹೇಳೋದು. ಪಾತ್ರ ಚೆನ್ನಾಗಿ ಮಾಡಿದಾನೆ, ಕೆಟ್ಟವನ ಹಾಗೆ ಮಾಡಿಲ್ಲ, ನಮ್ಮಲ್ಲಿ ಸರ್ಕಾರಿ ಆಫೀಸಲ್ಲಿ ಸಿಗೋ "ನಾನೇನ್ ಮಾಡ್ಲಿ ಸ್ವಾಮಿ, ಆರ್ಡರ್ ಹಾಗಿದೆ" ಗಿರಾಕಿ ಥರ.

ಇದೇ ಮೆಂಝೆಲ್‌ನ "ರೋಜ್ಮರ್ನೆ ಲೇತೊ", 1968, ನನಗೆ ಈ ಕಟ್ಟಲ್ಲಿ ಜಾಸ್ತಿ ಇಷ್ಟ ಆಗಿದ್ದು. ನದಿ ದಡದಲ್ಲಿ ಈಜೋರಿಗೆ ಅಂತ ಮರದ ಹಲಗೆ ಹಾಕಿ ಕಟ್ಟಿರೋ ಒಂದು ಸ್ನಾನಘಟ್ಟ, ಅದರ ಓನರ್ ದೂರಾ ಇವನು. ಸ್ನೇಹಿತರಿಬ್ರು, ರಿಟೈರ್ಡ್ ಮೇಜರ್ ಒಬ್ಬ, ಪಾದ್ರಿ ಒಬ್ಬ. ಮೇಜರ್ ಪಾತ್ರ ವ್ಲಾಸ್ತಿಮಿಲ್ ಬ್ರೊಡ್ಸ್ಕಿ, ಅವನದೊಂದು ಕಟ್ಟು ಸಿಕ್ಕಿದ್ರೆ ಅದಕ್ಕೂ ರಿವ್ಯೂ ಬರೀತೀನಿ. ಮೂವರೂ ನಡುವಯಸ್ಸು ದಾಟಿದೋರು, ಮಳೆ ಬಿಡ್ತಿಲ್ಲ, ಗಿರಾಕಿ ಇಲ್ಲ, ಇವರು ನೀರಲ್ಲಿ ಮುಳುಗಿ ಎದ್ದು ದೊಡ್ಡ ದೊಡ್ಡ ವಿಚಾರ ಮಾತಾಡ್ತಾರೆ. ಊರಿಗೆ ಹಗ್ಗದ ಮೇಲೆ ನಡೆಯೋ ದೊಂಬರಾಟದವನು ಬರ್ತಾನೆ, ಜೊತೆಗೆ ಒಬ್ಬ ಚೆಲುವೆ ಹುಡುಗಿ, ಮೂವರಿಗೂ ಒಬ್ಬರಾದ್ಮೇಲೊಬ್ಬರಿಗೆ ಆಸೆ ಹುಟ್ಟಿ ಒಬ್ಬರಾದ್ಮೇಲೊಬ್ರು ಮುಖಭಂಗ ಮಾಡ್ಕೊಂಡು ಬರ್ತಾರೆ. ದೊಂಬರಾಟದವನು ಡೈರೆಕ್ಟರ್ ಮೆಂಝೆಲ್ಲೇ. ಇಷ್ಟೇ ಸಿನಿಮಾ, ಒಂದೂಕಾಲು ಗಂಟೆ.

ಮೂಲ ಕಾದಂಬರಿ ವ್ಲಾದಿಸ್ಲಾವ್ ವಾಂಚುರಾದು, ನಾಜಿಗಳು 1942ರಲ್ಲಿ ಕೊಂದ ಲೇಖಕ. ಅವನ ಚೆಕ್ ಹಳೇಗನ್ನಡ ಇದ್ದ ಹಾಗೆ. ಹೊಟ್ಟೆ ಬಿಟ್ಕೊಂಡು ಒದ್ದೆ ಚಡ್ಡೀಲಿ ನಿಂತಿರೋ ಮನುಷ್ಯ ಪಂಪನ ಥರ ಮಾತಾಡಿದ್ರೆ ಹೇಗಿರುತ್ತೆ ಯೋಚನೆ ಮಾಡಿ, ಬೇರೆ ಯಾವ ನಟನಾದ್ರೂ ಆಗಿದ್ರೆ ನೋಡಿ ಇದು ತಮಾಷೆ ಅಂತ ಕಣ್ಣು ಹೊಡೀತಿದ್ದ. ಇವನು ಹೊಡೆಯಲ್ಲ. ಮೋಡ ನೋಡಿ, ಈ ಬೇಸಿಗೆ ನಡ್ಕೋತಿರೋ ರೀತಿ ಯಾಕೋ ಸರಿ ಇಲ್ಲ ಅನ್ನೋ ಅರ್ಥದ ಒಂದು ಮಾತು ಹೇಳ್ತಾನೆ, ಅದೂ ಕೋರ್ಟಲ್ಲಿ ತೀರ್ಪು ಓದೋ ಗಾಂಭೀರ್ಯದಲ್ಲಿ. ಆ ಮಾತು ಈಗ ಇಲ್ಲಿ ಗಾದೆ. ನಾನು ಇಲ್ಲಿಗೆ ಬಂದ ಮೊದಲ ಜುಲೈಲಿ ಆಫೀಸಲ್ಲಿ ಮಳೆ ನೋಡ್ಕೊಂಡು ಒಬ್ರು ಅದನ್ನ ಹೇಳಿದ್ರು, ಎಲ್ಲರೂ ನಕ್ಕರು, ನಾನೂ ಗೊತ್ತಿಲ್ದೇ ನಕ್ಕೆ. ಆರು ವರ್ಷ ಆದ್ಮೇಲೆ ಈ ಡಿಸ್ಕ್ ಹಾಕ್ದಾಗ ಮೊದಲ ಐದು ನಿಮಿಷಕ್ಕೇ ಆ ಮಾತು ಬಂತು, ಅಜ್ಜಿ ಅವನಿಗಿಂತ ಅರ್ಧ ಸೆಕೆಂಡ್ ಮುಂಚೆ ಹೇಳ್ಬಿಟ್ರು. ಅದೊಂದಕ್ಕೇ ನನ್ನ 210 ಕೊರುನಾ ವಸೂಲು.

1977ರಿಂದಾಚೆ ವಾಪಸ್ ಬಂದಿದ್ದು ಬಹಳ ಮಟ್ಟಿಗೆ ಕಾಮಿಡಿ. ಓಲ್ಡ್ರಿಖ್ ಲಿಪ್ಸ್ಕಿಯ "ಅದೇಲಾ ಯೆಶ್ಟೆ ನೆವೆಚೆರ್ಶೆಲಾ", ಅದೇಲಾ ಇನ್ನೂ ರಾತ್ರಿ ಊಟ ಮಾಡಿಲ್ಲ ಅಂತ ಅರ್ಥ, ಅದೇಲಾ ಅಂದ್ರೆ ಮನುಷ್ಯರನ್ನ ತಿನ್ನೋ ಒಂದು ಗಿಡ. ಅಮೆರಿಕಾದಿಂದ ಮಹಾ ಪತ್ತೇದಾರ ಬರ್ತಾನೆ, ಅವನ ಜೊತೆ ಸುತ್ತೋಕೆ ಪ್ರಾಗ್ ಪೊಲೀಸ್ ಕಡೆಯಿಂದ ಇವನು, ಲೆದ್ವಿನಾ ಅಂತ. ಅಮೆರಿಕಾದವನು ಗ್ಯಾಜೆಟ್ ತೆಗೀತಾನೆ, ಇವನು ಊಟಕ್ಕೆ ಕೂರ್ತಾನೆ. ಕೇಸು ಎಲ್ಲಾದ್ರೂ ಹೋಗ್ಲಿ, ಬಿಯರ್ ನೊರೆ ಇಳಿಯೋದ್ರೊಳಗೆ ಕುಡೀಬೇಕು. ತಿನ್ನೋ ನಟನೆ ಎಷ್ಟು ಕಷ್ಟ ಅಂತ ಗೊತ್ತಲ್ವಾ, ಬಾಯಲ್ಲಿ ಇಟ್ಕೊಂಡು ಮಾತಾಡ್ಬೇಕು, ಅಸಹ್ಯ ಆಗ್ಬಾರ್ದು, ಇವನು ತಿನ್ನೋದು ನೋಡಿ ನನಗೆ ಮಧ್ಯದಲ್ಲಿ ಎದ್ದು ಹೋಗಿ ಚಿತ್ರಾನ್ನ ಕಲಸ್ಕೊಂಡು ಬರ್ಬೇಕಾಯ್ತು. ಗಿಡದ ಬೊಂಬೆ ಕೆಲ್ಸ ಯಾನ್ ಶ್ವಾಂಕ್‌ಮಾಯೆರ್‌ದು, ಚೆನ್ನಾಗಿದೆ. "ಕುಲೊವಿ ಬ್ಲೆಸ್ಕ್" ಹನ್ನೆರಡು ಮನೆಯವರು ಒಂದೇ ದಿನದಲ್ಲಿ ಮನೆ ಅದಲು ಬದಲು ಮಾಡ್ಕೊಳ್ಳೋ ಗಲಾಟೆ, ಅದಕ್ಕೆ ಪ್ಲಾನ್ ಹಾಕೋ ವಕೀಲ ಇವನು, ಬಾಡಿಗೆ ಮನೆ ಹುಡುಕಿ ನೊಂದಿರೋ ಬೆಂಗಳೂರಿನವರು ನೋಡ್ಲೇಬೇಕು. ಕಟ್ಟಲ್ಲಿ ಕಾರ್ಪೇಥಿಯನ್ ಬೆಟ್ಟದ ಕೋಟೆ ಕಾಮಿಡಿನೂ ಒಂದಿದೆ, ಅದು ನನಗೆ ಅಷ್ಟಕ್ಕಷ್ಟೆ. ಪೊಸ್ತ್ರ್ಶಿಝಿನಿ, ಸ್ಲಾವ್ನೊಸ್ತಿ ಸ್ನೆಝೆನೆಕ್ ಎರಡೂ ಬೊಹುಮಿಲ್ ಹ್ರಬಲ್ ಬರವಣಿಗೆ, ಮೆಂಝೆಲ್ ಡೈರೆಕ್ಷನ್, ಎರಡರಲ್ಲೂ ಇವನದು ದೊಡ್ಡ ಪಾತ್ರ ಅಲ್ಲ, ಆದ್ರೆ ಬಂದಾಗ ಫ್ರೇಮ್ ಅವನ ಕಡೆ ವಾಲುತ್ತೆ, ದಪ್ಪ ಮನುಷ್ಯ ದೋಣೀಲಿ ಕೂತ ಹಾಗೆ.

ಕಟ್ಟಿನ ಕೊನೆ ಹತ್ರದ್ದು "ವೆಸ್ನಿಚ್ಕೊ ಮಾ ಸ್ತ್ರ್ಶೆದಿಸ್ಕೊವಾ", ಮತ್ತೆ ಮೆಂಝೆಲ್, ಸ್ಕ್ರಿಪ್ಟ್ ಝ್ಡೆನೆಕ್ ಸ್ವೆರಾಕ್, ಆಸ್ಕರ್‌ಗೆ ನಾಮಿನೇಟ್ ಆಗಿತ್ತು. ಇವನು ಅದ್ರಲ್ಲಿ ಹಳ್ಳಿ ಡಾಕ್ಟರ್ ಸ್ಕ್ರುಝ್ನಿ. ಕಾರ್ ಓಡಿಸ್ತಾ ಇರ್ತಾನೆ, ಗುಡ್ಡ, ಹೊಲ, ಬೆಳಕು ನೋಡಿ ಮನಸ್ಸು ತುಂಬಿ ಬರುತ್ತೆ, ಬಾಯಲ್ಲಿ ಕವಿತೆ ಬರುತ್ತೆ, ಕಾರು ರಸ್ತೆ ಬಿಟ್ಟು ಹೋಗಿ ಗುದ್ದುತ್ತೆ. ಮತ್ತೆ ಇನ್ನೊಂದಿನ, ಅದೇ ಬೆಳಕು, ಅದೇ ಕವಿತೆ, ಅದೇ ಗುದ್ದು. ನಾನು ಇದನ್ನ ನೋಡಿದ್ದು ಹೆಣ ಸುಡೋನನ್ನ ಬ್ಲೂರೇನಲ್ಲಿ ನೋಡಿದ ಮಾರನೇ ಸಂಜೆ, ತಪ್ಪು ಮಾಡ್ದೆ, ಅಥವಾ ಸರಿ ಮಾಡ್ದೆ, ಇನ್ನೂ ಗೊತ್ತಾಗ್ತಿಲ್ಲ. ಯಾಕಂದ್ರೆ ದನಿ ಅದೇ. ಒಂಚೂರೂ ಬದಲಾಯಿಸಿಲ್ಲ. ಅದೇ ಬೆಣ್ಣೆ, ಅದೇ ನಿಧಾನ, ಅದೇ ಕೈ ರೋಗಿ ಭುಜದ ಮೇಲೆ ಬೀಳೋ ರೀತಿ. ಮೊದಲ ಹತ್ತು ನಿಮಿಷ ಡಾಕ್ಟರ್ ಯಾರ ಹತ್ರ ಹೋದ್ರೂ ನನಗೆ ಎದೆ ಡವಡವ, ಈಗ ಜೇಬಿಂದ ಬಾಚಣಿಗೆ ತೆಗೀತಾನೆ ಅಂತ. ಅಜ್ಜಿ ನಗ್ತಿದಾರೆ, ನಾನು ಸೋಫಾ ಅಂಚಲ್ಲಿ. ವೇಷ ಹಾಕಿ, ದನಿ ಬದಲಿಸಿ, ಮೂಗಿಗೆ ಮೇಣ ಅಂಟಿಸಿ ಪಾತ್ರ ಮಾಡೋ ನಟರನ್ನ ಬಹಳ ನೋಡಿದೀನಿ, ಏನನ್ನೂ ಬದಲಿಸದೇ ಒಂದ್ಕಡೆ ದೇವರಂಥ ಡಾಕ್ಟ್ರು ಇನ್ನೊಂದ್ಕಡೆ ಯಮ ಆಗೋನನ್ನ ಇದೇ ಮೊದ್ಲು ನೋಡಿದ್ದು. ಈ ಕಟ್ಟು ತಗೊಂಡೋರು ಈ ಎರಡನ್ನ ಅಕ್ಕಪಕ್ಕದ ದಿನ ನೋಡಿ ಅಂತ ನನ್ನ ಸಲಹೆ, ನಿದ್ದೆ ಕೆಟ್ರೆ ನನ್ನ ಬೈಬೇಡಿ.

ಕಮ್ಯುನಿಸ್ಟರ ಆಡಳಿತ ಹೋಗಿ ಹೊಸ ಸರ್ಕಾರ ಬಂದ್ಮೇಲೆ ಹ್ರುಶೀನ್‌ಸ್ಕಿ 1990ರಿಂದ 92ರ ತನಕ ಪಾರ್ಲಿಮೆಂಟಲ್ಲಿ ಎಂಪಿನೂ ಆಗಿದ್ದ. ಆ ಬಗ್ಗೆ ಅಜ್ಜಿಗೆ ಅಷ್ಟೇನು ಆಸಕ್ತಿ ಇಲ್ಲ, "ಅಲ್ಲಿ ಎಲ್ಲರೂ ನಟರೇ, ಇವನೊಬ್ಬ ಸರ್ಟಿಫಿಕೇಟ್ ಇರೋನು" ಅಂದ್ರು.

ರೇಟಿಂಗ್: ಚಿತ್ರ ಎರಡೂವರೆ, ಸೌಂಡ್ ಮೂರು (1939ರದ್ದು ಬಿಟ್ಟು, ಅದು ಬಾವಿಯೊಳಗಿಂದ ಮಾತಾಡಿದ ಹಾಗಿದೆ), ಸಬ್‌ಟೈಟಲ್ ಒಂದು, ದುಡ್ಡಿಗೆ ಬೆಲೆ ಐದಕ್ಕೆ ಆರು. ಚೆಕ್ ಬರದೇ ಇರೋರು ಈ ಥರ ಪೊಶೆಟ್ಕಾ ತಗೊಂಡು ಪ್ರಯೋಜನ ಇಲ್ಲ, ಹೆಣ ಸುಡೋನದ್ದು ಇಂಗ್ಲಿಷ್ ಸಬ್‌ಟೈಟಲ್ ಇರೋ ಬ್ಲೂರೇ ಸಿಗುತ್ತೆ, ಅದ್ರಿಂದ ಶುರು ಮಾಡಿ. ಪ್ರಾಗ್‌ಗೆ ಬರೋರಿದ್ರೆ ಬಾರ್ತೊಲೊಮ್ಯೆಸ್ಕಾ ರಸ್ತೇಲಿ ನ್ಯಾಷನಲ್ ಫಿಲ್ಮ್ ಆರ್ಕೈವ್‌ನವರ ಪೊನ್ರೆಪೊ ಥಿಯೇಟರ್ ಇದೆ, ಹಳೆ ಸಿನಿಮಾ ದೊಡ್ಡ ಸ್ಕ್ರೀನ್‌ನಲ್ಲಿ ನೋಡೋಕೆ ಅದು ಜಾಗ, ಪ್ರೋಗ್ರಾಂ ನೋಡ್ಕೊಂಡು ಹೋಗಿ.

ಡೂಪ್ಲಿಕೇಟ್ ಪೊಸ್ತ್ರ್ಶಿಝಿನಿ ಅಜ್ಜಿಗೆ ಕೊಟ್ಟೆ. ಮಗನ ಸಿನಿಮಾನೂ ಅವರೇ ಇಟ್ಕೊಂಡ್ರು, "ಅಪ್ಪನ ಮೂಗು ಬಂದಿದೆ" ಅಂತ. ಸ್ಕ್ರ್ಯಾಚ್ ಆಗಿರೋದನ್ನ ಮಾತ್ರ ಮನೇಲಿ ಇಡೋದೇ ಬೇಡ ಅಂತ ವಾಪಸ್ ನನ್ನ ಬ್ಯಾಗಿಗೆ ತುರುಕಿದ್ರು, ಈಗ ನನ್ನ ಡೆಸ್ಕ್ ಮೇಲೆ ಟೀ ಲೋಟದ ಕೆಳಗೆ ಇದೆ. ಅಂಗಡೀಲಿ ಗುರುವಾರ ಹೊಸ ಡಬ್ಬಗಳು ಬರ್ತವಂತೆ, ಶ್ವೇಕ್ ಎರಡನೇ ಭಾಗ ಸಿಕ್ಕಿದ್ರೆ ಇಲ್ಲೇ ಅಪ್ಡೇಟ್ ಹಾಕ್ತೀನಿ.